ರಾಡೋ ಟ್ರ್ಯಾಕೋ? ಪರದೆ ಕೊಳ್ಳುವ ಮೊದಲು ಗೋಡೆಯನ್ನು ನೋಡಿ

ಪ್ರಶ್ನೆ: ಬೆಂಗಳೂರಿನ ಹೊರವಲಯದಲ್ಲಿ ಕೊಂಡಿರುವ ಹೊಸ ಫ್ಲ್ಯಾಟ್‌ಗೆ ಮುಂದಿನ ತಿಂಗಳು ಹೋಗುವವರಿದ್ದೇವೆ. ಎರಡು ಮಲಗುವ ಕೋಣೆಗಳಿಗೆ ಐದು ಅಡಿ ಅಗಲದ ಯುಪಿವಿಸಿ ಕಿಟಕಿಗಳಿವೆ. ಹಾಲ್‌ನಿಂದ ಬಾಲ್ಕನಿಗೆ ಎಂಟು ಅಡಿ ಅಗಲದ, ಪಕ್ಕಕ್ಕೆ ಸರಿಯುವ ಗಾಜಿನ ಬಾಗಿಲಿದೆ. ಈಗಿನ ಬಾಡಿಗೆ ಮನೆಯಲ್ಲಿ ಪರದೆಯ ರಾಡ್ ಎರಡು ಸಲ ಗೋಡೆಯ ಗಾರೆಯ ಸಮೇತ ಕಿತ್ತುಬಂದಿದೆ. ಒಬ್ಬ ಅಂಗಡಿಯವರು ಸ್ಟೀಲ್ ರಾಡ್ ಮತ್ತು ಐಲೆಟ್ ಪರದೆ, ಅಂದರೆ ಬಟ್ಟೆಯಲ್ಲೇ ಉಂಗುರ ಕೂರಿಸಿದ ಪರದೆ, ಸಾಕೆನ್ನುತ್ತಾರೆ, ಇನ್ನೊಬ್ಬರು ಪರದೆ ಸೀಳಿನಲ್ಲಿ ಓಡುವ ಟ್ರ್ಯಾಕ್ ಹಾಕಿಸಿ ಎನ್ನುತ್ತಾರೆ, ಪರಿಚಯದವರೊಬ್ಬರು ಡ್ರಿಲ್ ಮಾಡದೆ ಅಂಟಿಸುವ ಹುಕ್‌ಗಳನ್ನು ಸೂಚಿಸಿದ್ದಾರೆ. ಮನೆಯಲ್ಲಿ ನಾಲ್ಕು ವರ್ಷದ ಮಗಳಿದ್ದಾಳೆ. ಶಿರಸಿಯ ಹತ್ತಿರವಿರುವ ಅತ್ತೆಯವರ ಹಳೆಯ ಮನೆಗೂ ಈಗಲೇ ಪರದೆ ಹೊಲಿಸಬೇಕೆಂದಿದ್ದೇವೆ. ಯಾವ ವಿಧಾನವನ್ನು ಆರಿಸಬೇಕು?

ಉತ್ತರ: ನಿಮ್ಮ ಪ್ರಶ್ನೆಯಲ್ಲಿ ಎಲ್ಲಕ್ಕಿಂತ ಮುಖ್ಯವಾದ ಮಾತು, ರಾಡ್ ಎರಡು ಸಲ ಗಾರೆಯ ಸಮೇತ ಕಿತ್ತುಬಂತು ಎಂಬುದು. ಪರದೆ ಕೊಳ್ಳುವವರು ಸಾಮಾನ್ಯವಾಗಿ ಬಟ್ಟೆಯಿಂದ ಆರಂಭಿಸುತ್ತಾರೆ. ಬಣ್ಣ ಒಪ್ಪಿಗೆಯಾದ ಮೇಲೆ ಹೊಲಿಗೆಯ ರೀತಿ, ಆಮೇಲೆ ರಾಡು, ಕೊನೆಗೆ ಯಾರೋ ಡ್ರಿಲ್ ಹಿಡಿದು ಬಂದ ದಿನ ಗೋಡೆ. ಮನೆಗಳ ಒಳಾಂಗಣದ ಕೆಲಸ ಮಾಡಿಸುತ್ತ ಬಂದಿರುವ ನಾನು ಈ ಕ್ರಮವನ್ನು ತಿರುಗಿಸಬೇಕೆಂದು ಎಲ್ಲರಿಗೂ ಹೇಳುತ್ತೇನೆ: ಮೊದಲು ಗೋಡೆ, ಅನಂತರ ಕಿಟಕಿ ತೆರೆದುಕೊಳ್ಳುವ ಬಗೆ, ಅದಾದ ಮೇಲೆ ರಾಡೋ ಟ್ರ್ಯಾಕೋ ಎಂಬ ತೀರ್ಮಾನ, ಬಟ್ಟೆ ಎಲ್ಲಕ್ಕೂ ಕೊನೆಗೆ. ನಿಮ್ಮ ಎರಡು ಮನೆಗಳಿಗೆ ನಾನು ಎರಡು ಬೇರೆಬೇರೆ ಉತ್ತರಗಳನ್ನು ಕೊಡುತ್ತಿರುವುದೂ ಈ ಕಾರಣಕ್ಕೇ.

ಪರದೆ ಭಾರವಾಗಿದ್ದರಿಂದ ರಾಡ್ ಬಿತ್ತು ಎಂದು ಹಲವರು ತಿಳಿದಿರುತ್ತಾರೆ. ಲೆಕ್ಕ ಹಾಕಿ ನೋಡೋಣ. ನಿಮ್ಮ ಎಂಟು ಅಡಿಯ ಬಾಗಿಲಿಗೆ ನೆರಿಗೆಗಳೂ ಸೇರಿ ಹದಿನೆಂಟು ಅಡಿ ಅಗಲದ, ಏಳೂವರೆ ಅಡಿ ಉದ್ದದ ಬಟ್ಟೆ ಬೇಕೆಂದುಕೊಳ್ಳಿ. ಅದು ಸುಮಾರು 12.5 ಚದರ ಮೀಟರ್ ಆಯಿತು. ಚದರ ಮೀಟರಿಗೆ 250 ಗ್ರಾಂ ತೂಗುವ ದಪ್ಪ ಬಟ್ಟೆಯಾದರೆ ಮೂರು ಕಿಲೋಗಿಂತ ತುಸು ಹೆಚ್ಚು. 150 ಗ್ರಾಂನ ಲೈನಿಂಗ್ ಕೊಡಿಸಿದರೆ ಇನ್ನು ಎರಡು ಕಿಲೋದಷ್ಟು. ಸ್ಟೀಲ್ ರಾಡಿನ ತೂಕವೂ ಸೇರಿ ಒಟ್ಟು ಆರೂವರೆ ಕಿಲೋ. ಮೂರು ಬ್ರ್ಯಾಕೆಟ್‌ಗಳು ಹಂಚಿಕೊಂಡು ಹೊರುವ ಈ ಭಾರ ಯಾವ ಗೋಡೆಗೂ ದೊಡ್ಡದಲ್ಲ. ಗೋಡೆಗೆ ತ್ರಾಸ ಕೊಡುವುದು ಎಳೆತ. ಬ್ರ್ಯಾಕೆಟ್ ಗೋಡೆಯಿಂದ ಒಂಬತ್ತು ಹತ್ತು ಸೆಂಟಿಮೀಟರ್ ಮುಂದಕ್ಕೆ ಚಾಚಿಕೊಂಡಿರುತ್ತದೆ, ಅದರ ಪಟ್ಟಿಯ ಎತ್ತರ ಐದಾರು ಸೆಂಟಿಮೀಟರ್ ಮಾತ್ರ. ಹಾಗಾಗಿ ರಾಡಿನ ತುದಿಯಲ್ಲಿ ಬೀಳುವ ಭಾರವು ಸನ್ನೆಕೋಲಿನ ಹಾಗೆ ಕೆಲಸಮಾಡಿ, ಮೇಲಿನ ತಿರುಪುಮೊಳೆಯನ್ನು ಸುಮಾರು ಎರಡು ಪಟ್ಟು ಬಲದಿಂದ ಹೊರಕ್ಕೆ ಎಳೆಯುತ್ತದೆ. ತೆಳು ಬಟ್ಟೆಗೊಂದು, ದಪ್ಪ ಬಟ್ಟೆಗೊಂದು ಎಂದು ಜೋಡಿ ರಾಡ್ ಹಾಕಿಸಿದರೆ ಮುಂದಿನ ರಾಡ್ ಹದಿನೈದು ಸೆಂಟಿಮೀಟರ್ ದೂರ ಹೋಗುತ್ತದೆ, ಎಳೆತ ಮೂರು ಪಟ್ಟನ್ನು ದಾಟುತ್ತದೆ. ದಿನಕ್ಕೆ ಹತ್ತು ಸಲ ಪರದೆಯನ್ನು ಜಗ್ಗಿ ಸರಿಸುವ ಕೈ, ಬಟ್ಟೆ ಹಿಡಿದು ಜೋತುಬೀಳುವ ಹದಿನೈದು ಹದಿನಾರು ಕಿಲೋ ತೂಕದ ಮಗು, ಇವೆರಡನ್ನೂ ಆ ಒಂದು ಮೊಳೆ ತಡೆಯಬೇಕು.

ಆ ಮೊಳೆ ಎಲ್ಲಿ ನಿಂತಿದೆ ಎಂಬುದೇ ಪ್ರಶ್ನೆ. ರಾಡಿನ ಪೊಟ್ಟಣದೊಳಗೆ ಬರುವ ಮೊಳೆಗಳು ಹೆಚ್ಚಾಗಿ ಒಂದು ಅಥವಾ ಒಂದೂಕಾಲು ಅಂಗುಲದವು. ಒಳಗೋಡೆಯ ಗಿಲಾವು 12 ರಿಂದ 15 ಮಿಲಿಮೀಟರ್, ಕೆಲವು ಕಡೆ 20 ಮಿಲಿಮೀಟರ್ ದಪ್ಪವಿರುತ್ತದೆ. ಅಂದರೆ ಒಂದಂಗುಲದ ಮೊಳೆಯ ಅರ್ಧಕ್ಕಿಂತ ಹೆಚ್ಚು ಭಾಗ ಗಾರೆಯಲ್ಲೇ ಉಳಿಯುತ್ತದೆ, ಇಟ್ಟಿಗೆಯನ್ನು ತುದಿ ಮಾತ್ರ ಮುಟ್ಟುತ್ತದೆ. ನಿಮ್ಮ ಬಾಡಿಗೆ ಮನೆಯಲ್ಲಿ ಗಾರೆಯ ಸಮೇತ ಕಿತ್ತುಬಂದಿತೆಂದರೆ ಅಲ್ಲಿ ನಡೆದದ್ದು ಇದೇ ಎಂದು ಬಹುಮಟ್ಟಿಗೆ ಖಚಿತವಾಗಿ ಹೇಳಬಹುದು. ಪೊಟ್ಟಣದ ಮೊಳೆಗಳನ್ನು ಪಕ್ಕಕ್ಕಿಡಿ. ಹಾರ್ಡ್‌ವೇರ್ ಅಂಗಡಿಯಲ್ಲಿ ಎರಡು ಅಂಗುಲದ, ಐದು ಮಿಲಿಮೀಟರ್ ದಪ್ಪದ ತಿರುಪುಮೊಳೆಗಳನ್ನೂ ಅದಕ್ಕೆ ಹೊಂದುವ ಎಂಟು ಮಿಲಿಮೀಟರಿನ ನೈಲಾನ್ ಪ್ಲಗ್‌ಗಳನ್ನೂ ಕೊಳ್ಳಿ. ಕೆಲಸದವರು ಇವನ್ನು ಗಿಟ್ಟಿ ಎಂದೂ ಕರೆಯುತ್ತಾರೆ. ಪ್ಲಗ್ಗನ್ನು ಗೋಡೆಯ ಮೇಲ್ಮೈಗೆ ಸಮವಾಗಿ ನಿಲ್ಲಿಸದೆ ಗಾರೆಯನ್ನು ದಾಟಿಸಿ ಒಳಗೆ ತಳ್ಳಬೇಕು. ಅದು ಹಿಗ್ಗಿ ಕಚ್ಚಿಕೊಳ್ಳಬೇಕಾದದ್ದು ಇಟ್ಟಿಗೆಯನ್ನು ಅಥವಾ ಕಾಂಕ್ರೀಟನ್ನು.

ನಿಮ್ಮ ಹೊಸ ಫ್ಲ್ಯಾಟಿನ ಗೋಡೆ ಯಾವುದರದು ಎಂದು ನೀವು ಬರೆದಿಲ್ಲ. ಬಿಲ್ಡರ್ ಕೊಟ್ಟ ಕಾಗದಗಳಲ್ಲಿ ಇರುತ್ತದೆ, ಇಲ್ಲವಾದರೆ ಡ್ರಿಲ್‌ನ ಪುಡಿಯೇ ಹೇಳುತ್ತದೆ. ಕಿಟಕಿಯ ಮೇಲೆ, ಬ್ರ್ಯಾಕೆಟ್ಟಿನ ಕೆಳಗೆ ಮುಚ್ಚಿಹೋಗುವಂಥ ಜಾಗದಲ್ಲಿ ಒಂದು ಸಣ್ಣ ತೂತು ಹೊಡೆಸಿ, ಕೆಳಗೆ ಬಿಳಿಯ ಕಾಗದ ಹಿಡಿಯಿರಿ. ಮೊದಲ ಅರ್ಧ ಅಂಗುಲ ಸಾಮಾನ್ಯವಾಗಿ ಬೂದು ಬಣ್ಣದ ಗಾರೆಯ ಪುಡಿಯೇ ಬೀಳುತ್ತದೆ, ಅದನ್ನು ನೋಡಿ ಮೋಸಹೋಗಬಾರದು. ಆಮೇಲೆ ಕೆಂಪು ಪುಡಿ ಬಂದರೆ ಸುಟ್ಟ ಇಟ್ಟಿಗೆ. ನೆಮ್ಮದಿಯಿಂದ ಮುಂದುವರಿಯಿರಿ, ಆದರೆ ಇಟ್ಟಿಗೆಗಳ ನಡುವಿನ ಸಂದಿಗೆ ಬೀಳದಂತೆ ನೋಡಿಕೊಳ್ಳಿ. ಬಿಟ್, ಅಂದರೆ ಡ್ರಿಲ್‌ನ ಕೊರೆಯುವ ಮೊನೆ, ಸಲೀಸಾಗಿ ಒಳಹೋಗಿ ಹಿಟ್ಟಿನಂಥ ಬಿಳಿಚು ಪುಡಿ ಉದುರಿದರೆ ಅದು ಎಎಸಿ ಬ್ಲಾಕ್, ಅಂದರೆ ಒಳಗೆಲ್ಲ ಗಾಳಿಗುಳ್ಳೆಗಳಿರುವ ಹಗುರ ಬ್ಲಾಕ್. ಬೂದು ಪುಡಿ ಬರುತ್ತಿರುವಾಗ ಬಿಟ್ ಇದ್ದಕ್ಕಿದ್ದಂತೆ ಒಳಕ್ಕೆ ಜಾರಿದರೆ ಟೊಳ್ಳಾದ ಹಾಲೋ ಬ್ಲಾಕ್. ಬಿಟ್ ಕಿರುಗುಟ್ಟುತ್ತ ಮುಂದೆ ಹೋಗಲೊಲ್ಲದೆ ನಿಂತರೆ ಕಾಂಕ್ರೀಟ್. ಈಚಿನ ಅನೇಕ ದೊಡ್ಡ ಅಪಾರ್ಟ್‌ಮೆಂಟ್‌ಗಳಲ್ಲಿ ಗೋಡೆಗಳನ್ನೂ ಅಲ್ಯೂಮಿನಿಯಂ ಅಚ್ಚುಗಳಲ್ಲಿ ಕಾಂಕ್ರೀಟ್ ಸುರಿದೇ ಎಬ್ಬಿಸುತ್ತಾರೆ, ಮೈವಾನ್ ಎಂದು ಕರೆಯುವುದು ಇದನ್ನೇ. ಅಂಥ ಮನೆಯಲ್ಲಿ ಸಾಮಾನ್ಯ ಡ್ರಿಲ್‌ನೊಂದಿಗೆ ಹೆಣಗಾಡುವುದು ವ್ಯರ್ಥ. ಜೋರಾಗಿ ಬಡಿಯುತ್ತ ಕೊರೆಯುವ ರೋಟರಿ ಹ್ಯಾಮರ್ ಯಂತ್ರ ಇರುವವರನ್ನೇ ಕರೆಸಬೇಕು.

ಇವುಗಳಲ್ಲಿ ಎಎಸಿ ಬ್ಲಾಕಿನ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕಾಗಿದೆ, ಏಕೆಂದರೆ ನಾನು ಕಂಡಿರುವ ಬಿದ್ದ ರಾಡುಗಳಲ್ಲಿ ಹೆಚ್ಚಿನವು ಇಂಥ ಗೋಡೆಗಳಿಂದಲೇ ಬಿದ್ದವು. ಬ್ಲಾಕಿನದು ದೋಷವಲ್ಲ, ಇಟ್ಟಿಗೆಗೆ ಮಾಡುವ ಉಪಚಾರವನ್ನೇ ಅದಕ್ಕೂ ಮಾಡುವುದು ದೋಷ. ಡ್ರಿಲ್ಲನ್ನು ಹ್ಯಾಮರ್‌ಗೆ ಇಟ್ಟು ಹೊಡೆದರೆ ಒಳಗಿನ ಗುಳ್ಳೆಗಳೆಲ್ಲ ಪುಡಿಯಾಗಿ ಎಂಟು ಮಿಲಿಮೀಟರಿನ ತೂತು ಹನ್ನೊಂದು ಹನ್ನೆರಡಕ್ಕೆ ಅಗಲವಾಗುತ್ತದೆ, ಪ್ಲಗ್ ಅದರೊಳಗೆ ಸುಮ್ಮನೆ ತಿರುಗುತ್ತದೆ. ಕೆಲಸದವರು ಬೆಂಕಿಕಡ್ಡಿಯನ್ನೋ ಮರದ ಚಕ್ಕೆಯನ್ನೋ ತುರುಕಿ ಬಿಗಿ ಮಾಡಿ ಹೋಗುತ್ತಾರೆ, ಆರು ತಿಂಗಳಲ್ಲಿ ಅದು ಸಡಿಲವಾಗುತ್ತದೆ. ಎಎಸಿ ಗೋಡೆಗೆ ಹ್ಯಾಮರ್ ಬಂದ್ ಮಾಡಿ ತಿರುಗುವಿಕೆಯಿಂದ ಮಾತ್ರ ತೂತು ತೆಗೆಯಬೇಕು, ಆ ಬ್ಲಾಕಿಗೆಂದೇ ಮಾಡಿದ ಅಗಲ ಸುರುಳಿಯ ಪ್ಲಗ್ಗನ್ನು ಹಾಕಬೇಕು. ಹಾಲೋ ಬ್ಲಾಕಿಗೆ ಒಳಗಿನ ಟೊಳ್ಳಿನಲ್ಲಿ ರೆಕ್ಕೆ ಬಿಚ್ಚಿಕೊಂಡು ಹಿಂದಿನಿಂದ ಕಚ್ಚುವ ಟಾಗಲ್ ಮಾದರಿಯ ಬೋಲ್ಟ್ ಸರಿಹೋಗುತ್ತದೆ.

ಇಷ್ಟೆಲ್ಲ ಪಡಿಪಾಟಲನ್ನು ತಪ್ಪಿಸುವ ಸುಲಭದ ದಾರಿಯೊಂದಿದೆ. ಬ್ಲಾಕು ಯಾವುದೇ ಇರಲಿ, ಕಿಟಕಿಯ ನೆತ್ತಿಯ ಮೇಲೆ ಸಾಮಾನ್ಯವಾಗಿ ಕಾಂಕ್ರೀಟಿನ ಲಿಂಟಲ್, ಅಂದರೆ ಮೇಲಿನ ಗೋಡೆಯನ್ನು ಹೊರುವ ಅಡ್ಡಪಟ್ಟಿ, ಇದ್ದೇ ಇರುತ್ತದೆ. ನಮ್ಮ ಮನೆಗಳಲ್ಲಿ ಅದು ಸಾಮಾನ್ಯವಾಗಿ ನೆಲದಿಂದ ಏಳಡಿ ಎತ್ತರದಲ್ಲಿ ಆರಂಭವಾಗಿ ಆರು ಅಂಗುಲ ಮೇಲಕ್ಕೆ ಹೋಗುತ್ತದೆ. ಅದರೊಳಗಿನ ಉದ್ದದ ಕಬ್ಬಿಣದ ಸರಳುಗಳು ಕೆಳ ಅಂಚಿಗೂ ಮೇಲಿನ ಅಂಚಿಗೂ ಹತ್ತಿರ ಇರುತ್ತವೆ. ಆದ್ದರಿಂದ ಕಿಟಕಿಯ ಮೇಲಂಚಿನಿಂದ ಮೂರು ಅಂಗುಲ ಮೇಲೆ ಗುರುತು ಮಾಡಿದರೆ ಲಿಂಟಲ್‌ನ ನಡುಮಧ್ಯಕ್ಕೆ ಬೀಳುತ್ತದೆ, ಸರಳಿಗೆ ಬಡಿಯುವ ಸಂಭವ ಕಡಿಮೆ. ಅಡ್ಡ ಕಟ್ಟಿದ ರಿಂಗು ಸಿಕ್ಕಿದರೆ ಹಟ ಮಾಡದೆ ಒಂದಂಗುಲ ಪಕ್ಕಕ್ಕೆ ಸರಿಯಿರಿ. ಅದಕ್ಕಿಂತ ಮೇಲೆ, ಲಿಂಟಲ್ ಮುಗಿದ ಜಾಗದಿಂದ ಚಾವಣಿಯ ಕೆಳಗಿನ ತೊಲೆಯವರೆಗೆ ಮತ್ತೆ ಬ್ಲಾಕೇ ಇರುತ್ತದೆ. ರಾಡನ್ನು ಎತ್ತರಿಸಿದರೆ ಕೋಣೆ ಎತ್ತರವಾಗಿ ಕಾಣುತ್ತದೆ ಎಂಬ ಸಲಹೆಯನ್ನು ಅನುಸರಿಸಿ, ಲಿಂಟಲ್ಲೂ ಅಲ್ಲದ ತೊಲೆಯೂ ಅಲ್ಲದ ಈ ನಡುವಿನ ಒಂದಡಿಯಲ್ಲಿ ಬ್ರ್ಯಾಕೆಟ್ ಹೊಡೆಸುವವರೇ ಹೆಚ್ಚು. ಎತ್ತರ ಬೇಕೆಂದಿದ್ದರೆ ಪೂರ್ತಿ ಮೇಲಕ್ಕೆ ಹೋಗಿ ತೊಲೆಗೇ ಅಥವಾ ಚಾವಣಿಗೇ ಹೊಡೆಸಿ. ತೊಲೆಯೂ ಬ್ಲಾಕೂ ಸೇರುವ ಗೆರೆಯನ್ನು ಮಾತ್ರ ಬಿಡಿ; ಗಾರೆ ಬಿರುಕು ಬಿಡುವ ಜಾಗ ಅದು.

ಅಗಲದ ಪ್ರಶ್ನೆಯಲ್ಲೂ ಇದೇ ಲಿಂಟಲ್ ಅಡ್ಡ ಬರುತ್ತದೆ. ಪರದೆಯನ್ನು ಪೂರ್ತಿ ಸರಿಸಿದಾಗ ಬಟ್ಟೆಯ ಕಟ್ಟು ಗಾಜಿನ ಮುಂದೆ ನಿಲ್ಲದೆ ಗೋಡೆಯ ಮುಂದೆ ನಿಲ್ಲಬೇಕಾದರೆ ರಾಡ್ ಕಿಟಕಿಯ ಎರಡೂ ಪಕ್ಕಕ್ಕೆ ಎಂಟು ಹತ್ತು ಅಂಗುಲ ಚಾಚಿಕೊಂಡಿರಬೇಕು. ಆದರೆ ಲಿಂಟಲ್ ಕಿಟಕಿಯ ಅಂಚಿನಿಂದಾಚೆಗೆ ಎಷ್ಟೋ ಕಡೆ ಆರು ಅಂಗುಲ ಮಾತ್ರ ಹೋಗಿರುತ್ತದೆ. ಹೀಗಿರುವಾಗ ಬ್ರ್ಯಾಕೆಟ್ಟನ್ನು ಅಂಚಿನಿಂದ ನಾಲ್ಕೈದು ಅಂಗುಲದೊಳಗೆ, ಕಾಂಕ್ರೀಟಿನಲ್ಲೇ ನಿಲ್ಲಿಸಿ, ರಾಡನ್ನು ಅದರಾಚೆ ಮೂರು ನಾಲ್ಕು ಅಂಗುಲ ಚಾಚಲು ಬಿಡಿ. ಪರದೆಯ ಕೊನೆಯ ಐಲೆಟ್ಟನ್ನು ಬ್ರ್ಯಾಕೆಟ್ಟಿನ ಹೊರಗೆ ಪೋಣಿಸಿದರೆ, ಎಷ್ಟು ಎಳೆದರೂ ಆ ಅಂಚು ಕದಲುವುದಿಲ್ಲ, ಪಕ್ಕದಿಂದ ಬೆಳಕೂ ತೂರುವುದಿಲ್ಲ. ಸ್ವತಂತ್ರ ಮನೆಗಳಲ್ಲಿ ಲಿಂಟಲ್ಲನ್ನು ಸುತ್ತ ಪಟ್ಟಿಯಂತೆ ಎಲ್ಲ ಗೋಡೆಗಳ ಮೇಲೂ ಒಯ್ದಿದ್ದರೆ ಈ ಮಿತಿ ಇರುವುದಿಲ್ಲ.

ಗೋಡೆಯ ಮಾತು ಮುಗಿಸುವ ಮುನ್ನ ಒಂದು ಎಚ್ಚರಿಕೆ: ಸ್ವಿಚ್ ಬೋರ್ಡಿನ ನೇರ ಮೇಲೆ, ಎಸಿ ಪಾಯಿಂಟಿನ ನೇರ ಕೆಳಗೆ ಡ್ರಿಲ್ ಮಾಡಬೇಡಿ. ಒಳಗಿನ ವೈರಿಂಗ್ ಪೈಪುಗಳು ಅಲ್ಲಿ ನೆಟ್ಟಗೆ ಇಳಿದಿರುತ್ತವೆ. ಯುಪಿವಿಸಿ ಚೌಕಟ್ಟಿಗೂ ತೂತು ಹೊಡೆಯಬೇಡಿ. ಅದರೊಳಗೆ ಮಳೆನೀರು ಹೊರಹೋಗುವ ಕೋಶಗಳಿವೆ, ತೂತಾದ ಮೇಲೆ ಕಿಟಕಿಯ ಗ್ಯಾರಂಟಿಯೂ ನಿಲ್ಲದಿರಬಹುದು.

ಅಂಟಿಸುವ ಹುಕ್‌ಗಳ ಬಗ್ಗೆ ಕೇಳಿದ್ದೀರಿ. ಅಂಟು ಹಿಡಿಯುವುದು ಗೋಡೆಯನ್ನಲ್ಲ, ಗೋಡೆಯ ಮೇಲಿನ ಬಣ್ಣವನ್ನು. ಬಣ್ಣ ಹಿಡಿದಿರುವುದು ಪುಟ್ಟಿಯನ್ನು. ಅಂಟು ಎಷ್ಟೇ ಗಟ್ಟಿಯಾಗಿದ್ದರೂ ಪುಟ್ಟಿಯ ಪದರವೇ ಸುಲಿದುಬರುತ್ತದೆ. ಸ್ವಂತ ಮನೆಯಲ್ಲಿ ಅದರ ಅಗತ್ಯವೇ ಇಲ್ಲ. ಈಗಿನ ಬಾಡಿಗೆ ಮನೆಯಲ್ಲಿ ಇನ್ನೊಂದು ತಿಂಗಳು ಕಳೆಯಬೇಕಾಗಿರುವುದರಿಂದ, ಕಿಟಕಿಯ ಗೂಡಿನೊಳಗೆ ಎರಡು ಗೋಡೆಗಳ ನಡುವೆ ಬಿಗಿಯಾಗಿ ನಿಲ್ಲುವ ಸ್ಪ್ರಿಂಗ್ ರಾಡ್ ತಂದು ತೆಳುವಾದ ಬಟ್ಟೆ ಹಾಕಿಕೊಳ್ಳಿ. ನಾಲ್ಕು ಅಡಿಯೊಳಗಿನ ಕಿಟಕಿಗೆ ಅದು ಸಾಕಾಗುತ್ತದೆ, ಗೋಡೆಗೆ ಗಾಯವೂ ಆಗುವುದಿಲ್ಲ.

ಈಗ ರಾಡ್ ಮತ್ತು ಟ್ರ್ಯಾಕ್. ಮಲಗುವ ಕೋಣೆಗಳಿಗೆ ರಾಡ್ ಮತ್ತು ಐಲೆಟ್, ಹಾಲ್‌ಗೆ ಟ್ರ್ಯಾಕ್ ಎಂದು ನನ್ನ ತೀರ್ಮಾನ. ಕಾರಣ ಬಾಗಿಲಿನ ಅಗಲ ಮಾತ್ರವಲ್ಲ, ಅದು ತೆರೆದುಕೊಳ್ಳುವ ಬಗೆಯೂ ಹೌದು.

ಐದು ಅಡಿಯ ಕಿಟಕಿಗೆ ಆರಡಿಯ ರಾಡ್ ಬೇಕಾಗುತ್ತದೆ. 25 ಮಿಲಿಮೀಟರ್ ವ್ಯಾಸದ ಸ್ಟೇನ್‌ಲೆಸ್ ಸ್ಟೀಲ್ ಕೊಳವೆಯನ್ನು ಆರಿಸಿ. 19 ಮಿಲಿಮೀಟರಿನದು ಅಗ್ಗವಾದರೂ ಈ ಉದ್ದಕ್ಕೆ ನಡುವೆ ಜೋಲುತ್ತದೆ, ಜೋತ ರಾಡಿನ ಮೇಲೆ ಪರದೆ ತಾನಾಗಿಯೇ ನಡುವಿಗೆ ಸರಿದು ಬರುತ್ತದೆ. ಒಂದರೊಳಗೊಂದು ತೂರಿ ಉದ್ದ ಮಾಡುವ ರಾಡುಗಳನ್ನು ಈ ಅಗಲಕ್ಕೆ ನಾನು ಶಿಫಾರಸು ಮಾಡುವುದಿಲ್ಲ, ಏಕೆಂದರೆ ಕೂಡುವ ಜಾಗದಲ್ಲಿ ಐಲೆಟ್ ಪ್ರತಿ ಸಲವೂ ತಡೆದು ನಿಲ್ಲುತ್ತದೆ, ಆ ತಡೆಯನ್ನು ದಾಟಿಸಲು ಜಗ್ಗುವ ಜಗ್ಗೇ ಬ್ರ್ಯಾಕೆಟ್ಟಿಗೆ ಹೋಗುತ್ತದೆ. ನಡುವೆ ಒಂದು ಬ್ರ್ಯಾಕೆಟ್ ಕೊಡಿಸಿ. ನಡುವಿನ ಬ್ರ್ಯಾಕೆಟ್ಟನ್ನು ಐಲೆಟ್ ದಾಟಲಾರದು ಎಂಬುದನ್ನು ನೆನಪಿಡಬೇಕು. ಹಾಗಾಗಿ ಪರದೆ ಎರಡು ಭಾಗವಾಗಿ, ಎಡಕ್ಕೂ ಬಲಕ್ಕೂ ಸರಿಯುವಂತೆ ಇರಬೇಕು. ಮಲಗುವ ಕೋಣೆಯ ಕಿಟಕಿಗೆ ಇದರಿಂದ ಯಾವ ತೊಂದರೆಯೂ ಇಲ್ಲ. ಬೆಳಿಗ್ಗೆ ಒಮ್ಮೆ ಸರಿಸುತ್ತೀರಿ, ಸಂಜೆ ಒಮ್ಮೆ ಮುಚ್ಚುತ್ತೀರಿ.

ಹಾಲಿನ ಬಾಗಿಲು ಹಾಗಲ್ಲ. ಬಟ್ಟೆ ಒಣಹಾಕಲು, ಗಿಡಗಳಿಗೆ ನೀರು ಹಾಕಲು, ಮಗಳು ಆಡಲು ಹೋಗಿಬರಲು ದಿನವಿಡೀ ಅದು ತೆರೆಯುತ್ತ ಮುಚ್ಚುತ್ತ ಇರುತ್ತದೆ. ಸರಿಯುವ ಬಾಗಿಲಾದ್ದರಿಂದ ತೆರೆದುಕೊಳ್ಳುವುದು ಒಂದೇ ಪಕ್ಕ. ಅಲ್ಲಿ ಒಂಬತ್ತು ಅಡಿಯ ರಾಡ್ ಹಾಕಿಸಿದರೆ ನಡುವೆ ಒಂದೋ ಎರಡೋ ಬ್ರ್ಯಾಕೆಟ್ ಕೊಡಲೇಬೇಕು, ಕೊಟ್ಟರೆ ಪರದೆಯನ್ನು ಪೂರ್ತಿಯಾಗಿ ಒಂದೇ ಪಕ್ಕಕ್ಕೆ ಒಯ್ಯುವುದು ಸಾಧ್ಯವಿಲ್ಲ. ಹೋಗಿಬರುವ ಕಡೆ ಯಾವಾಗಲೂ ಬಟ್ಟೆಯ ಕಟ್ಟು ಅಡ್ಡ ನಿಂತಿರುತ್ತದೆ. ಅಲ್ಯೂಮಿನಿಯಂ ಟ್ರ್ಯಾಕಿನಲ್ಲಿ ಈ ಕಷ್ಟವಿಲ್ಲ. ಆಧಾರವೆಲ್ಲ ಮೇಲಿರುತ್ತದೆ, ಪರದೆಯ ಹುಕ್ಕುಗಳನ್ನು ಹೊತ್ತ ರನ್ನರ್‌ಗಳು ಕೆಳಗಿನ ಸೀಳಿನಲ್ಲಿ ಈ ತುದಿಯಿಂದ ಆ ತುದಿಯವರೆಗೆ ತಡೆಯಿಲ್ಲದೆ ಓಡುತ್ತವೆ. ಒಂದೂವರೆ ಎರಡು ಅಡಿಗೊಂದರಂತೆ ಐದಾರು ಕಡೆ ಮೊಳೆ ಬೀಳುವುದರಿಂದ ಭಾರವೂ ಹಂಚಿಹೋಗುತ್ತದೆ. ಟ್ರ್ಯಾಕನ್ನು ಚಾವಣಿಗೇ ಹೊಡೆಸಿದರೆ ಮುಂದಕ್ಕೆ ಚಾಚಿದ ಬ್ರ್ಯಾಕೆಟ್ ಎಂಬುದೇ ಇಲ್ಲ, ಸನ್ನೆಕೋಲಿನ ಎಳೆತವೂ ಇಲ್ಲ. ತೆಳು ಪರದೆಯೂ ಬೇಕೆಂದರೆ ಜೋಡಿ ಟ್ರ್ಯಾಕ್ ಹಾಕಿಸಿ, ಎರಡರ ನಡುವೆ ಮೂರು ಅಂಗುಲ ಬಿಡಿಸಿ. ಕಡಿಮೆಯಾದರೆ ಒಂದರ ನೆರಿಗೆಗೆ ಇನ್ನೊಂದು ಉಜ್ಜಿ ಎರಡೂ ಒಟ್ಟಿಗೆ ಸರಿಯುತ್ತವೆ.

ಚಾವಣಿಗೆ ಹೊಡೆಸುವುದಾದರೆ ಎರಡು ವಿಷಯ ಖಚಿತಪಡಿಸಿಕೊಳ್ಳಿ. ಕೆಲವು ಕಟ್ಟಡಗಳ ಚಾವಣಿಯೊಳಗೆ ಬಿಗಿದ ಉಕ್ಕಿನ ಹಗ್ಗಗಳಿರುತ್ತವೆ. ಪೋಸ್ಟ್ ಟೆನ್ಷನ್ ಎಂದು ಕರೆಯುವ ಅಂಥ ಚಾವಣಿಗೆ ಬಿಲ್ಡರ್‌ರನ್ನು ಕೇಳದೆ ಡ್ರಿಲ್ ಮಾಡಬಾರದು. ಎರಡನೆಯದು ಫಾಲ್ಸ್ ಸೀಲಿಂಗ್. ಜಿಪ್ಸಂ ಹಲಗೆ 12.5 ಮಿಲಿಮೀಟರ್ ದಪ್ಪದ ಸುಣ್ಣದಂಥ ವಸ್ತು, ಅದು ಪರದೆಯನ್ನು ಹೊರಲಾರದು. ನೀವು ಫಾಲ್ಸ್ ಸೀಲಿಂಗ್ ಮಾಡಿಸುವುದಿದ್ದರೆ ಈಗಲೇ, ಹಲಗೆ ಮುಚ್ಚುವ ಮೊದಲೇ, ಬಾಗಿಲಿನ ಕಡೆ ಏಳೆಂಟು ಅಂಗುಲ ಅಗಲದ ಕಾಲುವೆಯಂಥ ಜಾಗ ಬಿಡಿಸಿ, ಟ್ರ್ಯಾಕನ್ನು ನೇರವಾಗಿ ಕಾಂಕ್ರೀಟಿಗೆ ಹೊಡೆಸಿ. ಅದಾಗದಿದ್ದರೆ 18 ಮಿಲಿಮೀಟರಿನ ಪ್ಲೈವುಡ್ ಪಟ್ಟಿಯನ್ನಾದರೂ ಚಾವಣಿಯಿಂದ ಗಟ್ಟಿಯಾಗಿ ಇಳಿಸಿಡಿ. ಮುಚ್ಚಿದ ಮೇಲೆ ನೆನಪಾದರೆ ಒಡೆಯದೆ ದಾರಿಯಿಲ್ಲ.

ಮಗಳಿರುವ ಮನೆಗೆ ಟ್ರ್ಯಾಕನ್ನು ಸೂಚಿಸಲು ಇನ್ನೊಂದು ಕಾರಣವಿದೆ. ಮಗು ಬಟ್ಟೆ ಹಿಡಿದು ಜೋತುಬಿದ್ದಾಗ ಮೊದಲು ಮುರಿಯುವುದು ಪ್ಲಾಸ್ಟಿಕ್ ಹುಕ್ಕು ಅಥವಾ ರನ್ನರ್. ಪರದೆ ಒಂದು ಕಡೆ ಬಿಚ್ಚಿಕೊಳ್ಳುತ್ತದೆ, ಮಗುವಿನ ತಲೆಯ ಮೇಲೆ ಸ್ಟೀಲ್ ರಾಡ್ ಬೀಳುವುದಿಲ್ಲ. ಇದೇ ಕಾರಣಕ್ಕೆ ಕಬ್ಬಿಣದ ಗಟ್ಟಿ ಹುಕ್ಕುಗಳಿಗಿಂತ ಪ್ಲಾಸ್ಟಿಕ್ಕಿನವು ಮೇಲು. ಆದರೆ ದಾರ ಎಳೆದು ಸರಿಸುವ ಟ್ರ್ಯಾಕನ್ನು ದಯವಿಟ್ಟು ತೆಗೆದುಕೊಳ್ಳಬೇಡಿ. ಕುಣಿಕೆಯಾಗಿ ನೇತಾಡುವ ದಾರ, ಅದು ಪರದೆಯದಾಗಲಿ ಬ್ಲೈಂಡಿನದಾಗಲಿ, ಚಿಕ್ಕ ಮಕ್ಕಳ ಕೊರಳಿಗೆ ಸಿಕ್ಕಿಕೊಂಡು ಜೀವಕ್ಕೇ ಅಪಾಯ ತರುತ್ತದೆ. ಮಗು ಕೂಗಲೂ ಆಗದಂಥ ಅಪಾಯ ಅದು. ಪರದೆಯ ಅಂಚಿನಲ್ಲಿ ಹಿಡಿದು ಸರಿಸುವ ಒಂದು ಕೋಲು ಇಳಿಬಿಡಿಸಿದರೆ ದಾರವೇ ಬೇಡ, ಬಟ್ಟೆಯೂ ಕೈಕೊಳೆಯಾಗುವುದಿಲ್ಲ. ಮಗಳ ಮಂಚವನ್ನು ಕಿಟಕಿಯ ಕೆಳಗೆ ಹಾಕದಿರುವುದೂ ಒಳ್ಳೆಯದು.

ಹೊಲಿಗೆಗೆ ಬರೋಣ. ಸಿದ್ಧ ಪರದೆಗಳು ನಮ್ಮಲ್ಲಿ ಸುಮಾರು ನಾಲ್ಕು ಅಡಿ ಅಗಲದಲ್ಲಿ, ಐದು, ಏಳು, ಒಂಬತ್ತು ಅಡಿ ಉದ್ದಗಳಲ್ಲಿ ಸಿಗುತ್ತವೆ. ನಿಮ್ಮ ಐದಡಿಯ ಕಿಟಕಿಗೆ ಅಂಥವು ಎರಡನ್ನು ಹಾಕಿದರೆ ಒಟ್ಟು ಎಂಟಡಿ ಬಟ್ಟೆ ಆರಡಿಗೆ ಹರಡಿಕೊಂಡು, ನೆರಿಗೆಯೇ ಇಲ್ಲದೆ ಹಾಸಿದ ದುಪ್ಪಟಿಯಂತೆ ಕಾಣುತ್ತದೆ. ಐಲೆಟ್ ಪರದೆಗೆ ರಾಡಿನ ಉದ್ದದ ಒಂದೂವರೆ ಪಟ್ಟಾದರೂ ಬಟ್ಟೆ ಬೇಕು. 54 ಅಂಗುಲ ಅಗಲದ ಬಟ್ಟೆಯನ್ನು ಕೊಂಡು ಪಕ್ಕಕ್ಕೊಂದು ಪೂರ್ತಿ ಅಗಲದಂತೆ ಹೊಲಿಸಿದರೆ ಲೆಕ್ಕ ಸರಿಹೋಗುತ್ತದೆ. ಪ್ರತಿ ಭಾಗದಲ್ಲೂ ಐಲೆಟ್‌ಗಳ ಸಂಖ್ಯೆ ಸಮಸಂಖ್ಯೆಯಾಗಿರಲಿ ಎಂದು ದರ್ಜಿಗೆ ಒತ್ತಿ ಹೇಳಿ. ಎಂಟಾಗಲಿ ಹತ್ತಾಗಲಿ, ಒಂಬತ್ತು ಬೇಡ. ಸಮಸಂಖ್ಯೆಯಾದರೆ ಮಾತ್ರ ಎರಡೂ ಅಂಚುಗಳು ಗೋಡೆಯ ಕಡೆಗೆ ತಿರುಗಿ ನಿಲ್ಲುತ್ತವೆ. ಹಾಲಿನ ಟ್ರ್ಯಾಕಿಗೆ ಮೂರು ಮಡಿಕೆಯ ನೆರಿಗೆ ಚೆನ್ನ. ಅದಕ್ಕೆ ಎರಡರಿಂದ ಎರಡೂವರೆ ಪಟ್ಟು ಬಟ್ಟೆ ಹೋಗುತ್ತದೆ. ನಿಮ್ಮ ಒಂಬತ್ತು ಅಡಿಯ ಟ್ರ್ಯಾಕಿಗೆ 54 ಅಂಗುಲದ ನಾಲ್ಕು ಅಗಲ. ಖರ್ಚು ಹೆಚ್ಚಾಯಿತೆನಿಸಿದರೆ ಬಟ್ಟೆಯ ದರ ಇಳಿಸಿಕೊಳ್ಳಿ, ನೆರಿಗೆಯನ್ನು ಇಳಿಸಬೇಡಿ. ಸಾದಾ ಹತ್ತಿಬಟ್ಟೆ ತುಂಬು ನೆರಿಗೆಯಲ್ಲಿ ಬಿದ್ದಾಗ ಕಾಣುವ ಚೆಲುವು, ಬಿಗಿದು ಕಟ್ಟಿದ ದುಬಾರಿ ಬಟ್ಟೆಗೆ ಬರುವುದಿಲ್ಲವೆಂದು ನಾನು ಮನಸಾರೆ ನಂಬಿದ್ದೇನೆ.

ಶಿರಸಿಯ ಮನೆಯ ವಿಷಯ ಬೇರೆಯೇ. ಅಲ್ಲಿಯ ಹಳೆಯ ಗೋಡೆಗಳು ಹೆಚ್ಚಾಗಿ ಚಿರೆಕಲ್ಲಿನವು, ಕೆಲವು ಮಣ್ಣಿನವೂ ಇರುತ್ತವೆ. ಡ್ರಿಲ್ ಹಾಕಿದರೆ ಕೆಂಪು ಪುಡಿ ಬರುತ್ತದೆ, ಅದನ್ನು ಕಂಡು ಇಟ್ಟಿಗೆಯೆಂದು ತಿಳಿಯಬೇಡಿ. ಚಿರೆಕಲ್ಲಿನೊಳಗೆ ಗಟ್ಟಿ ಭಾಗದ ಪಕ್ಕದಲ್ಲೇ ಮೆತ್ತನೆಯ ಜೇಡಿ ತುಂಬಿದ ಪೊಳ್ಳುಗಳಿರುತ್ತವೆ, ನೈಲಾನ್ ಪ್ಲಗ್ ಒಂದು ಕಡೆ ಕಚ್ಚಿದರೆ ಇನ್ನೊಂದು ಕಡೆ ಜಾರುತ್ತದೆ. ಹಳಬರು ಬಡಿಯುತ್ತಿದ್ದ ಮರದ ಬೆಣೆಯೂ ಮಳೆಗಾಲದಲ್ಲಿ ಉಬ್ಬಿ ಬೇಸಗೆಯಲ್ಲಿ ಕುಗ್ಗಿ ಕ್ರಮೇಣ ಸಡಿಲವಾಗುತ್ತದೆ. ಅಂಥ ಗೋಡೆಗೆ ಬ್ರ್ಯಾಕೆಟ್ಟನ್ನು ನೇರವಾಗಿ ಹೊಡೆಯಬೇಡಿ. ಮುಕ್ಕಾಲು ಅಂಗುಲ ದಪ್ಪದ, ನಾಲ್ಕು ಅಂಗುಲ ಅಗಲದ ಹಲಸಿನ ಹಲಗೆಯನ್ನು ಕಿಟಕಿಯ ಮೇಲೆ ಅಡ್ಡಲಾಗಿ ಇಟ್ಟು, ಮೂರು ಅಂಗುಲದ ಐದಾರು ತಿರುಪುಮೊಳೆಗಳಿಂದ ಗೋಡೆಗೆ ಬಿಗಿಸಿ. ಒಂದೆರಡು ಪೊಳ್ಳಿಗೆ ಬಿದ್ದರೂ ಉಳಿದವು ಹಿಡಿಯುತ್ತವೆ. ಆಮೇಲೆ ಬ್ರ್ಯಾಕೆಟ್ಟನ್ನು ಹಲಗೆಗೆ ಹೊಡೆಸಿ. ಬಾಗಿಲ ದಾರಂದದ ಬಣ್ಣವನ್ನೇ ಹಲಗೆಗೂ ಕೊಟ್ಟರೆ ಅದು ಮನೆಯ ಮೂಲದ ಮರಗೆಲಸದಂತೆಯೇ ಕಾಣುತ್ತದೆ.

ಅದಕ್ಕೂ ಮೊದಲು ಅತ್ತೆಯವರಲ್ಲಿ ಒಂದು ಮಾತು ಕೇಳಿ: ಕಿಟಕಿಯ ಕದಗಳು ಒಳಕ್ಕೆ ತೆರೆಯುತ್ತವೆಯೋ ಹೊರಕ್ಕೋ? ನಡುವೆ ಕಂಬಿಗಳಿರುವ ಹಳೆಯ ಕಿಟಕಿಗಳಲ್ಲಿ ಕದಗಳು ಹೆಚ್ಚಾಗಿ ಒಳಕ್ಕೇ ತೆರೆಯುತ್ತವೆ. ಅಂಥದಕ್ಕೆ ಮೇಲಿನಿಂದ ಕೆಳಗಿನವರೆಗೆ ಪರದೆ ಇಳಿಬಿಟ್ಟರೆ ಪ್ರತಿ ಸಲ ಕದಕ್ಕೆ ಸಿಕ್ಕಿ ಹರಿಯುತ್ತದೆ. ಕದದ ಕೆಳಗಿನ ಅರ್ಧಕ್ಕೆ ಮೇಲೊಂದು ಕೆಳಗೊಂದು ಸ್ಪ್ರಿಂಗ್ ತಂತಿ ಕಟ್ಟಿ ಸಣ್ಣ ಪರದೆ ಪೋಣಿಸುವ ಹಳೆಯ ಪದ್ಧತಿ ಇಲ್ಲಿ ಇಂದಿಗೂ ಸರಿಯಾದುದು. ಪರದೆ ಕದದೊಂದಿಗೇ ತೆರೆಯುತ್ತದೆ, ಮರೆಯೂ ಆಗುತ್ತದೆ, ಮೇಲರ್ಧದಿಂದ ಬೆಳಕೂ ಬರುತ್ತದೆ. ಗೋಡೆಯನ್ನು ಮುಟ್ಟುವ ಪ್ರಮೇಯವೇ ಇಲ್ಲ.

ಮಲೆನಾಡಿನ ಮಳೆಗೆ ಲೈನಿಂಗ್ ಇರುವ ದಪ್ಪ ಪರದೆ ಹೊಂದುವುದಿಲ್ಲ; ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಅದು ತೇವ ಹೀರಿ ಬೂಷ್ಟು ಹಿಡಿಯುತ್ತದೆ. ತೆಳು ಹತ್ತಿಯ ಪರದೆ ಹೊಲಿಸಿ. ಅತ್ತೆಯವರ ಹಳೆಯ ಹತ್ತಿ ಸೀರೆಗಳಿದ್ದರೆ ಇನ್ನೂ ಒಳ್ಳೆಯದು: ಐದೂವರೆ ಮೀಟರಿನ ಒಂದು ಸೀರೆಯಿಂದ ಬಾಗಿಲುದ್ದದ ಎರಡು ಪರದೆಗಳು ಸಲೀಸಾಗಿ ಬರುತ್ತವೆ. ಸೀರೆಗೆ ಐಲೆಟ್ ಹೊಡೆಸಬೇಡಿ, ತೆಳು ಬಟ್ಟೆ ಉಂಗುರದ ಸುತ್ತ ಹರಿಯುತ್ತದೆ. ಹಿಂದೆ ಅಗಲ ಟೇಪು ಕೊಟ್ಟು ಪ್ಲಾಸ್ಟಿಕ್ ಹುಕ್ಕಿನಿಂದ ತೂಗುಹಾಕಿ. ಮಳೆಗಾಲದಲ್ಲಿ ಬಿಚ್ಚಿ ಒಲೆಯ ಕೋಣೆಯ ಬಿಸಿಗೆ ಒಣಗಿಸಲೂ ಸುಲಭ. ಕಬ್ಬಿಣದ ಹುಕ್ಕಿನ ತುಕ್ಕು ಬಟ್ಟೆಗಿಳಿದರೆ ಸುಲಭಕ್ಕೆ ಹೋಗುವುದಿಲ್ಲ.

ಅಳತೆಯನ್ನು ರಾಡ್ ಮತ್ತು ಟ್ರ್ಯಾಕ್ ಗೋಡೆಗೇರಿದ ಮೇಲೆಯೇ ತೆಗೆಯಿರಿ. ಎರಡು ತುದಿಗಳಿಗೆ ರಸಮಟ್ಟ ಹಿಡಿದು ಗುರುತು ಮಾಡಿಸಿ. ಕಿಟಕಿಯ ಚೌಕಟ್ಟೇ ತುಸು ಓರೆಯಾಗಿದ್ದರೆ, ಅದಕ್ಕೆ ಹತ್ತಿರವಿರುವ ರಾಡ್ ಚೌಕಟ್ಟಿನ ಗೆರೆಯನ್ನು ಅನುಸರಿಸಲಿ. ಕಣ್ಣು ಅವೆರಡನ್ನು ಹೋಲಿಸುತ್ತದೆಯೇ ಹೊರತು ರಸಮಟ್ಟವನ್ನಲ್ಲ. ರಾಡಿನಿಂದ ನೆಲದವರೆಗೆ ಎಡ, ನಡು, ಬಲ ಮೂರು ಕಡೆ ಅಳೆದು, ಕಡಿಮೆ ಬಂದ ಅಳತೆಯಲ್ಲಿ ಒಂದಂಗುಲ ಕಳೆಯಿರಿ, ಏಕೆಂದರೆ ನಮ್ಮ ಮನೆಗಳಲ್ಲಿ ನೆಲವನ್ನು ದಿನವೂ ಒರೆಸುತ್ತೇವೆ. ಹತ್ತಿಬಟ್ಟೆ ಮೊದಲ ಒಗೆತದಲ್ಲಿ ನೂರಕ್ಕೆ ಮೂರರಿಂದ ಐದರಷ್ಟು ಕುಗ್ಗಬಹುದು, ಏಳಡಿಗೆ ಮೂರು ನಾಲ್ಕು ಅಂಗುಲ ಹೋಯಿತು. ಹಾಗಾಗಿ ನೆನೆಸಿ ಒಣಗಿಸಿದ ಮೇಲೆಯೇ ಕತ್ತರಿಸಲು ಕೊಡಿ. ಕೆಳಗಿನ ನಾಲ್ಕು ಅಂಗುಲದ ಮಡಿಕೆಯನ್ನು ದರ್ಜಿ ಸದ್ಯಕ್ಕೆ ಕಚ್ಚಾ ಹೊಲಿಗೆ ಹಾಕಿ ಕೊಡಲಿ. ಒಂದು ವಾರ ತೂಗುಹಾಕಿ, ಬಟ್ಟೆ ತನ್ನ ಭಾರಕ್ಕೆ ಇಳಿಯುವಷ್ಟು ಇಳಿದ ಮೇಲೆ, ನೆಲದಿಂದ ಮತ್ತೊಮ್ಮೆ ಅಳೆದು ಪಕ್ಕಾ ಹೊಲಿಗೆ ಹಾಕಿಸಿ.